ಒಂದು ತಂತಿ, ಎರಡು ಊರು

ಕನ್ನಡದಲ್ಲಿ 'ಊರು' ಎಂಬುದು ಬಲು ಹಳೆಯ ಮಾತು. ಅಪರಿಚಿತರಿಬ್ಬರು ರೈಲಿನಲ್ಲಿ ಎದುರುಬದುರು ಕುಳಿತರೆ ಹೆಸರಿಗಿಂತ ಮೊದಲು ಕೇಳಿಕೊಳ್ಳುವುದು ಊರನ್ನು. ನೆಲದ ಮೇಲೆ ಕಾಲನ್ನು ಬಲವಾಗಿ ಇಡುವುದಕ್ಕೂ ಊರುವುದು ಎನ್ನುತ್ತೇವೆ. ಹಾಗೆ ಕಾಲಿಟ್ಟು ನಿಂತ ನೆಲೆಯನ್ನೂ ಊರು ಎನ್ನುತ್ತೇವೆ. ಇವೆರಡೂ ಬೇರೆ ಬೇರೆ ಮೂಲದ ಮಾತುಗಳೆಂದು ವೈಯಾಕರಣರು ಆಕ್ಷೇಪಿಸಬಹುದು. ಆದರೆ ಇಂದಿನ ಕಿವಿಗೆ ಎರಡೂ ಒಂದೇ ಆಗಿ ಕೇಳಿಸುವುದು ಅರ್ಥವಿಲ್ಲದ ಸಂಗತಿಯಲ್ಲ. ಕಾಲೂರಲು ಎಲ್ಲಿ ಎಡೆಯುಂಟೋ ಅದೇ ಊರು.

ನಮ್ಮ ಬಹುಪಾಲು ಊರುಗಳನ್ನು ಯಾರೂ ಕಟ್ಟಲಿಲ್ಲ, ಅವು ಬೆಳೆದುವು. ಒಂದು ಕೆರೆ, ಅದರ ಕೆಳಗೆ ಒಂದಿಷ್ಟು ಗದ್ದೆ, ಏರಿಯ ಮೇಲೆ ಒಂದು ಗುಡಿ, ಇವುಗಳ ಸುತ್ತ ಮನೆಗಳು ಒಂದೊಂದಾಗಿ ಎದ್ದುವು. ಇವಕ್ಕೆ ಭಿನ್ನವಾದ ಇನ್ನೊಂದು ಬಗೆಯ ಊರೂ ಉಂಟು. ಒಬ್ಬ ಒಡೆಯ, ಒಂದೇ ಕೆಲಸಕ್ಕಾಗಿ, ನಕ್ಷೆ ಬರೆದು, ಬೀದಿ ಎಳೆದು, ನಿರ್ಜನ ಪ್ರದೇಶದಲ್ಲಿ ನಿಲ್ಲಿಸಿದ ಊರು ಅದು. ಅಲ್ಲಿ ಮನೆ ಸಿಗುವುದು ಕೆಲಸದಿಂದ. ಕೆಲಸ ಹೋದರೆ ಮನೆಯೂ ಹೋಗುತ್ತದೆ. ಅಂಥ ಎರಡು ಊರುಗಳ ವಿಷಯವಾಗಿ ಇಂದು ಕೆಲವು ಮಾತು ಹೇಳಬೇಕೆಂದಿದ್ದೇನೆ. ಒಂದು, ಕೋಲಾರದ ಚಿನ್ನದ ಗಣಿ. ಇನ್ನೊಂದು ನಮ್ಮ ಮಂಡ್ಯ ಜಿಲ್ಲೆಯ ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರ. ಇವೆರಡರ ನಡುವೆ ಸುಮಾರು 92 ಮೈಲಿ ಅಂತರ. ಭಾಷೆ ಬೇರೆ, ಮಣ್ಣು ಬೇರೆ. ಆದರೂ 1902ರಲ್ಲಿ ಒಂದು ತಂತಿ ಇವೆರಡನ್ನೂ ಬಿಗಿದು ಕಟ್ಟಿತು.

ಚಿನ್ನದ ಗಣಿಯ ಕಥೆಯ ಆರಂಭ ಬಹುಮಂದಿಗೆ ತಿಳಿದಿರುವಂಥದೇ. ಲಾವೆಲ್ ಎಂಬ ನಿವೃತ್ತ ಐರಿಷ್ ಸೈನಿಕನು 1870ರ ದಶಕದಲ್ಲಿ ಮೈಸೂರು ಸೀಮೆಯಲ್ಲಿ ಚಿನ್ನವನ್ನು ಅರಸುವ ಪರವಾನಗಿಯನ್ನು ಪಡೆದನು. 1880ರಲ್ಲಿ ಲಂಡನ್ನಿನ ಜಾನ್ ಟೇಲರ್ ಮತ್ತು ಸನ್ಸ್ ಸಂಸ್ಥೆ ಗಣಿಯ ಆಡಳಿತಕ್ಕೆ ಕೈಹಾಕಿತು. ಹೆಚ್ಚು ಮಳೆಯಿಲ್ಲದ, ಕುರಿ ಮೇಯುವ ಬಂಜರು ದಿಣ್ಣೆಗಳ ಮೇಲೆ ಚಾಂಪಿಯನ್ ರೀಫ್, ಮೈಸೂರು, ಊರಿಗಾಂ, ನಂದಿದುರ್ಗ ಎಂಬ ಗಣಿಗಳು ಬಾಯ್ತೆರೆದುವು. ಕಾರ್ನ್‌ವಾಲಿನಿಂದ ಗಣಿಯ ಕಸುಬುದಾರರು ಬಂದರು. ಉತ್ತರ ಆರ್ಕಾಟ್ ಮತ್ತು ಚಿತ್ತೂರು ಸೀಮೆಗಳಿಂದ ಕೂಲಿಗಳು ಬಂದರು. ದಿಣ್ಣೆಯ ಮೇಲೆ ದೊರೆಗಳ ಬಂಗಲೆ, ಹೂದೋಟ, ಕ್ಲಬ್ಬು. ಇಳಿಜಾರಿನಲ್ಲಿ ಬಿದಿರಿನ ತಟ್ಟಿ ಕಟ್ಟಿದ ಒಂಟಿಕೋಣೆಯ ಗುಡಿಸಲುಗಳ ಸಾಲು. ಆ ಸಾಲಿಗೆ 'ಲೈನು' ಎಂದು ಹೆಸರು. ಇಡೀ ಸಮಾಜದ ಮೇಲುಕೀಳು ಆ ನೆಲದ ಏರುತಗ್ಗಿನಲ್ಲಿಯೇ ಬರೆದಿತ್ತು.

ಗಣಿ ಆಳಕ್ಕೆ ಇಳಿದಂತೆ ಅದಕ್ಕೆ ಬೇಕಾದ ಶಕ್ತಿಯೂ ಬೆಳೆಯಿತು. ಅದಿರನ್ನು ಮೇಲೆತ್ತಬೇಕು, ಪುಡಿಮಾಡಬೇಕು, ಒಸರುವ ನೀರನ್ನು ಹೊರಹಾಕಬೇಕು, ಕೆಳಗಿದ್ದವರಿಗೆ ಗಾಳಿ ಒದಗಿಸಬೇಕು. ಇವೆಲ್ಲವೂ ಹಬೆಯ ಯಂತ್ರಗಳಿಂದ ನಡೆಯಬೇಕಾಗಿತ್ತು. ಹಬೆಗೆ ದೂರದ ಕಲ್ಲಿದ್ದಲೂ ಸುತ್ತಣ ಕಾಡಿನ ಸೌದೆಯೂ ಬೇಕಾಗಿತ್ತು. ಆಗ ಮೈಸೂರಿನ ದಿವಾನರಾಗಿದ್ದವರು ಸರ್ ಕೆ. ಶೇಷಾದ್ರಿ ಅಯ್ಯರ್. ಶಿವನಸಮುದ್ರದಲ್ಲಿ ಕಾವೇರಿ ಎರಡು ಕವಲಾಗಿ ಗಗನಚುಕ್ಕಿ, ಭರಚುಕ್ಕಿಗಳೆಂದು ಧುಮುಕುವುದನ್ನು ಶತಮಾನಗಳಿಂದ ಯಾತ್ರಿಕರು ಕೈಮುಗಿದು ನೋಡಿದ್ದರು. ಅದನ್ನು ಅಶ್ವಶಕ್ತಿಯ ಲೆಕ್ಕದಲ್ಲಿ ನೋಡಿದವರು ಉಪ ಮುಖ್ಯ ಎಂಜಿನಿಯರಾಗಿದ್ದ ಕ್ಯಾಪ್ಟನ್ ಜೋಲಿ ಡಿ ಲಾಟ್ಬಿನಿಯೇರ್. ವಿದ್ಯುತ್ ಯಂತ್ರಗಳು ಅಮೆರಿಕದ ಜನರಲ್ ಎಲೆಕ್ಟ್ರಿಕ್ ಕಂಪನಿಯಿಂದಲೂ ನೀರಿನ ಚಕ್ರಗಳು ಸ್ವಿಟ್ಸರ್ಲೆಂಡಿನ ಎಷರ್ ವಿಸ್ ಕಂಪನಿಯಿಂದಲೂ ಬಂದುವು.

ಇಲ್ಲಿ ಮದ್ದೂರಿನ ಪಾತ್ರವನ್ನು ಮರೆಯುವಂತಿಲ್ಲ. ಶಿವನಸಮುದ್ರಕ್ಕೆ ಹತ್ತಿರದ ರೈಲು ನಿಲ್ದಾಣವೆಂದರೆ ಮದ್ದೂರು. ಅಲ್ಲಿಂದ ಜಲಪಾತಕ್ಕೆ ಸುಮಾರು 30 ಮೈಲಿ. ಸಮುದ್ರ ದಾಟಿ ಬಂದ ಭಾರೀ ಉಕ್ಕಿನ ಸಾಮಾನುಗಳನ್ನು ಎತ್ತಿನ ಗಾಡಿಗಳೂ ಆನೆಗಳೂ ಎಳೆದು ಸಾಗಿಸಿದುವು. ವಿದ್ಯುತ್ ಯುಗವು ಮೈಸೂರು ಸೀಮೆಯನ್ನು ಪ್ರವೇಶಿಸಿದ್ದು ಎತ್ತಿನ ಹೆಗಲ ಮೇಲೆ! 1902ರ ಜೂನ್ 30ರಂದು ಶಿವನಸಮುದ್ರದ ವಿದ್ಯುತ್ತು ಚಿನ್ನದ ಗಣಿಗೆ ಹರಿಯಿತು. ಅಷ್ಟು ದೂರಕ್ಕೆ ವಿದ್ಯುತ್ತನ್ನು ಸಾಗಿಸುವ ಮಾರ್ಗಗಳು ಆಗ ಜಗತ್ತಿನಲ್ಲಿಯೇ ವಿರಳ. ಅದನ್ನು ನೋಡಲು ಶೇಷಾದ್ರಿ ಅಯ್ಯರ್ ಉಳಿದಿರಲಿಲ್ಲ. 1901ರಲ್ಲಿಯೇ ಅವರು ತೀರಿಕೊಂಡಿದ್ದರು.

ಜಲಪಾತದ ಬಳಿಯಲ್ಲಿ, ಕಣಿವೆಯ ಅಂಚಿನ ದಿಬ್ಬದ ಮೇಲೆ, ಕೆಲಸಗಾರರಿಗಾಗಿ ಎದ್ದ ಊರಿಗೆ 'ಬ್ಲಫ್' ಎಂಬ ಹೆಸರು ನಿಂತಿತು. ಇಂಗ್ಲಿಷಿನಲ್ಲಿ ಅದು ಕಡಿದಾದ ದಂಡೆಗೆ ಹೇಳುವ ಮಾತು. ಮಳವಳ್ಳಿ ಸೀಮೆಯ ಜನ ಅರ್ಥದ ಗೊಡವೆಗೆ ಹೋಗದೆ ಆ ಮಾತನ್ನು ತಮ್ಮ ನಾಲಗೆಗೆ ಒಗ್ಗಿಸಿಕೊಂಡರು. ದಿಬ್ಬದ ಮೇಲೆ ಮನೆಗಳು. ಸುಮಾರು 400 ಅಡಿ ಕೆಳಗೆ, ನದಿಯ ಮಗ್ಗುಲಲ್ಲಿ, ವಿದ್ಯುದಾಗಾರ. ಕೆಳಗಿಳಿಯಲು ಇಳಿಜಾರಿನ ಹಳಿಯ ಮೇಲೆ ಹಗ್ಗದಿಂದ ಬಿಗಿದ ಟ್ರಾಲಿ. ಸುತ್ತ ಕುರುಚಲು ಕಾಡು, ಬೇಸಗೆಯಲ್ಲಿ ಕಾದ ಬಂಡೆ, ಮಳೆಗಾಲದಲ್ಲಿ ಚಳಿಜ್ವರದ ಭಯ. ಅಲ್ಲಿಗೆ ವರ್ಗವಾಯಿತೆಂದರೆ ಹಿಂದಿನ ತಲೆಮಾರಿನ ನೌಕರರ ಮನೆಗಳಲ್ಲಿ ಹೆಂಗಸರು ಕಣ್ಣೊರಸಿಕೊಳ್ಳುತ್ತಿದ್ದರಂತೆ. ಹೋದವರು ಮಾತ್ರ ಅಲ್ಲಿಂದ ಬರಲೊಲ್ಲದೆ ಬರುತ್ತಿದ್ದರು. ಆಸ್ಪತ್ರೆ, ಶಾಲೆ, ಕೊಳಾಯಿಯ ನೀರು, ಹಗಲಿರುಳು ದೀಪ. ಇಷ್ಟು ಅನುಕೂಲ ಆ ಕಾಲದ ಎಷ್ಟು ಪಟ್ಟಣಗಳಿಗಿತ್ತು?

ನಮ್ಮಲ್ಲಿ ದೀಪದ ಬುಡ ಕತ್ತಲೆ ಎಂಬ ಗಾದೆಯುಂಟು. ಶಿವನಸಮುದ್ರದ ದೀಪ ಮೊದಲು ಬೆಳಗಿದ್ದು ಚಿನ್ನದ ಗಣಿಯನ್ನು, 1905ರಲ್ಲಿ ಬೆಂಗಳೂರಿನ ಬೀದಿಗಳನ್ನು, ಅನಂತರ ಮೈಸೂರನ್ನು. ತಂತಿಯ ಕೆಳಗೇ ಇದ್ದ ಹಳ್ಳಿಗಳು ಆ ಬೆಳಕಿಗಾಗಿ ದಶಕಗಳ ಕಾಲ ಕಾದುವು. 1960ರ ದಶಕದಲ್ಲಿ, ಅದೇ ತಾಲ್ಲೂಕಿನ ನಮ್ಮ ಹಳ್ಳಿಯಲ್ಲಿ, ನಾವು ಅಕ್ಷರ ಕಲಿತದ್ದು ಲಾಟೀನಿನ ಬೆಳಕಿನಲ್ಲಿ. ರಜಕ್ಕೆಂದು ಬ್ಲಫ್‌ನಲ್ಲಿದ್ದ ಸೋದರಮಾವನ ಮನೆಗೆ ಹೋದಾಗ ನಮಗೆ ದೊಡ್ಡ ವಿಸ್ಮಯವೆಂದರೆ ಜಲಪಾತವಲ್ಲ. ಗೋಡೆಯ ಗುಂಡಿಯನ್ನು ಒತ್ತಿದೊಡನೆ ಹಗಲಾಗುವುದು. ಹತ್ತು ಮೈಲಿಗಳ ಅಂತರದಲ್ಲಿ ಎರಡು ಯುಗಗಳು ಒಟ್ಟಿಗೆ ಬಾಳುತ್ತಿದ್ದುವು.

ಆ ಮಾವ ನಿವೃತ್ತರಾದಾಗ ಮನೆಯನ್ನು ತೆರವು ಮಾಡಬೇಕಾಯಿತು. ನಿಯಮ ನ್ಯಾಯವಾದದ್ದೇ, ಮುಂದಿನ ನೌಕರನಿಗೆ ಮನೆ ಬೇಕಲ್ಲ. ಅತ್ತೆ ಹಿತ್ತಲಲ್ಲಿ ಒಂದು ನುಗ್ಗೆಯನ್ನೂ ಒಂದು ಕರಿಬೇವನ್ನೂ ಬೆಳೆಸಿದ್ದರು. ಗಾಡಿಗೆ ಸಾಮಾನು ಹೇರುವಾಗ ಆಕೆ ಹೇಳಿದ ಮಾತು ಇಷ್ಟೇ: "ಮನೆ ಅವರ್ದು ಕನಪ್ಪ, ಮರ ನಮ್ದು." ಕಟ್ಟಿದ ಊರುಗಳ ಇಡೀ ಸಂಕಟ ಆ ಒಂದು ಮಾತಿನಲ್ಲಿದೆಯೆಂದು ನನಗೆ ಅನ್ನಿಸಿದ್ದು ಅನೇಕ ವರ್ಷಗಳ ಮೇಲೆ.

ಈ ತಂತಿಯಿಂದ ನಮ್ಮ ಜಿಲ್ಲೆಗೆ ಇನ್ನೊಂದು ಋಣವೂ ಸಂದಿದೆ. ಬೇಸಗೆಯಲ್ಲಿ ಕಾವೇರಿ ಸೊರಗಿದರೆ ಶಿವನಸಮುದ್ರದ ಚಕ್ರಗಳೂ ಸೊರಗುತ್ತಿದ್ದುವು. ಗಣಿಗೆ ಮಾತು ಕೊಟ್ಟಷ್ಟು ವಿದ್ಯುತ್ತು ಒದಗುತ್ತಿರಲಿಲ್ಲ. ವರ್ಷವಿಡೀ ಕನಿಷ್ಠ 900 ಘನ ಅಡಿಯ ಹರಿವು ಶಿವನಸಮುದ್ರಕ್ಕೆ ತಲುಪಬೇಕೆಂಬುದು ಕನ್ನಂಬಾಡಿಯಲ್ಲಿ ಅಣೆಕಟ್ಟನ್ನು ಕಟ್ಟಲು ಮುಂದಿಟ್ಟ ಕಾರಣಗಳಲ್ಲಿ ಮುಖ್ಯವಾದುದು. ವಿಶ್ವೇಶ್ವರಯ್ಯನವರು ಮುಖ್ಯ ಎಂಜಿನಿಯರಾಗಿದ್ದಾಗ, 1911ರಲ್ಲಿ, ಆ ಕೆಲಸ ಮೊದಲಾಯಿತು. ಗಣಿಯ ಹೆಸರಿನಲ್ಲಿ ಮೊದಲಾದ ಕಟ್ಟೆ ಮುಂದೆ ರೈತನದೂ ಆಯಿತು. 1930ರ ದಶಕದ ಆರಂಭದಲ್ಲಿ ಅದರ ನಾಲೆ ಹುಲಿಕೆರೆಯ ಸುರಂಗವನ್ನು ಹಾಯ್ದು ಮಂಡ್ಯ, ಮದ್ದೂರು, ಮಳವಳ್ಳಿಗಳ ಕಡೆಗೆ ಹರಿಯಿತು. 1933ರಲ್ಲಿ ಮಂಡ್ಯದ ಸಕ್ಕರೆ ಕಂಪನಿ ಸ್ಥಾಪನೆಯಾಯಿತು. 1939ರಲ್ಲಿ ಮಂಡ್ಯ ಪ್ರತ್ಯೇಕ ಜಿಲ್ಲೆಯಾಯಿತು. ರಾಗಿಯ ಸೀಮೆ ಕಬ್ಬಿನ ಸೀಮೆಯಾದ ಕಥೆಯ ಹಿಂದೆ, ದೂರದಲ್ಲಿ, ನೆಲದ ಹೊಟ್ಟೆಯಲ್ಲಿ ಬಂಡೆ ಒಡೆಯುತ್ತಿದ್ದ ತಮಿಳು ಕೂಲಿಯೊಬ್ಬನ ನೆರಳಿದೆ. ಕಟ್ಟೆಯ ನೀರಿನಲ್ಲಿ ಹಳೆಯ ಕನ್ನಂಬಾಡಿ ಮುಳುಗಿತು, ಅದರ ವೇಣುಗೋಪಾಲನ ಗುಡಿಯೂ ಮುಳುಗಿತು. ಕಟ್ಟಿದ ಊರಿಗೆ ಬೆಳಕು ಕೊಡಲು ಬೆಳೆದ ಊರು ನೀರಿಗೆ ಇಳಿಯಿತು. ಲಾಭನಷ್ಟದ ಲೆಕ್ಕ ಬರೆಯುವವರು ಇವೆಲ್ಲವನ್ನೂ ಒಂದೇ ಪುಟದಲ್ಲಿ ಬರೆಯಬೇಕು.

ತಂತಿಯ ಮತ್ತೊಂದು ತುದಿಯನ್ನು ನಾನು ಕಂಡದ್ದು 1980ರ ದಶಕದಲ್ಲಿ. ಕನ್ನಡ ಅಧ್ಯಾಪಕನಾಗಿ ಅಲ್ಲಿಗೆ ವರ್ಗವಾದಾಗ. ಆ ವೇಳೆಗೆ ಟೇಲರ್ ಸಂಸ್ಥೆ ಹೋಗಿ ಮೂರು ದಶಕ ಸಂದಿದ್ದುವು. 1956ರಲ್ಲಿ ಗಣಿಗಳು ಮೈಸೂರು ಸರಕಾರದವಾದುವು, 1962ರಲ್ಲಿ ಕೇಂದ್ರಕ್ಕೆ ಸೇರಿದುವು, 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಎಂಬ ಕಂಪನಿಯಾದುವು. ಒಡೆಯರು ಬದಲಾಗಿದ್ದರು, ಲೈನುಗಳು ಬದಲಾಗಿರಲಿಲ್ಲ. ಊರಿನ ಗಡಿಯಾರ ಸೂರ್ಯನಲ್ಲ, ಸೈರನ್ನು. ಅದು ಕೂಗಿದರೆ ಪಾಳಿ ಬದಲಾಗುತ್ತಿತ್ತು, ಒಲೆ ಹೊತ್ತುತ್ತಿತ್ತು, ಮಕ್ಕಳು ಶಾಲೆಗೆ ಹೊರಡುತ್ತಿದ್ದರು. ಅದು ಹೊತ್ತಲ್ಲದ ಹೊತ್ತಿನಲ್ಲಿ ಕೂಗಿದರೆ ಇಡೀ ಬೀದಿ ಮಾತು ನಿಲ್ಲಿಸುತ್ತಿತ್ತು. ಆಳದಲ್ಲಿ ಬಂಡೆ ಸಿಡಿದರೆ ಮೇಲಿನ ಮನೆಗಳ ಪಾತ್ರೆಗಳು ನಡುಗುತ್ತಿದ್ದುವು. ಚಾಂಪಿಯನ್ ರೀಫ್ ಗಣಿ 3 ಕಿಲೋಮೀಟರಿಗೂ ಮಿಗಿಲಾದ ಆಳಕ್ಕೆ ಇಳಿದಿತ್ತು. ಅಲ್ಲಿ ಬಂಡೆಯ ತಾಪ 60 ಡಿಗ್ರಿಯನ್ನು ದಾಟುತ್ತಿತ್ತು. ಅದೇ ಆಳದ ಕತ್ತಲೆಯಲ್ಲಿ 1965ರಲ್ಲಿ ವಿಜ್ಞಾನಿಗಳು ಆಕಾಶದಿಂದ ಬರುವ ನ್ಯೂಟ್ರಿನೋ ಕಣಗಳ ಸುಳಿವನ್ನು ಹಿಡಿದರು. ಮುಗಿಲಿನ ಗುಟ್ಟನ್ನು ತಿಳಿಯಲು ಪಾತಾಳಕ್ಕೆ ಇಳಿಯಬೇಕಾಯಿತೆಂಬುದು ಸ್ವಾರಸ್ಯದ ಸಂಗತಿ.

ಒಮ್ಮೆ ತರಗತಿಯಲ್ಲಿ 'ನಮ್ಮ ಊರು' ಎಂಬ ಪ್ರಬಂಧವನ್ನು ಬರೆಯಿಸಿದೆ. ವಿದ್ಯಾರ್ಥಿಗಳಲ್ಲಿ ಬಹುಪಾಲು ಗಣಿಯವರ ಮಕ್ಕಳು; ಮನೆಮಾತು ತಮಿಳು, ತೆಲುಗು. ಒಬ್ಬ ಹುಡುಗ ಉತ್ತರ ಆರ್ಕಾಟಿನ ಒಂದು ಹಳ್ಳಿಯನ್ನು ಕುರಿತು ಎರಡು ಪುಟ ಬರೆದಿದ್ದ. ಕೆರೆ, ಮಾರಮ್ಮನ ಜಾತ್ರೆ, ಹುಣಿಸೆಯ ತೋಪು ಎಲ್ಲವೂ ಇದ್ದುವು. ಕರೆದು ವಿಚಾರಿಸಿದಾಗ, ಆ ಹಳ್ಳಿಯನ್ನು ತಾನಾಗಲಿ ತನ್ನ ತಂದೆಯಾಗಲಿ ಕಂಡೇ ಇಲ್ಲವೆಂದ. ಅಜ್ಜಿ ಹೇಳಿದ್ದನ್ನು ಬರೆದಿದ್ದ. "ಹಾಗಾದರೆ ಇದು?" ಎಂದು ಕಿಟಕಿಯ ಹೊರಗೆ ತೋರಿಸಿದೆ. "ಇದು ಕಂಪನಿ ಸರ್," ಎಂದ. ಮೂರು ತಲೆಮಾರು ಹುಟ್ಟಿ, ದುಡಿದು, ಮಣ್ಣಾದ ನೆಲ ಅವನ ಪಾಲಿಗೆ ಕಂಪನಿ. ಯಾರೂ ಕಾಣದ ಹಳ್ಳಿ ಅವನ ಪಾಲಿಗೆ ಊರು.

ಇಷ್ಟರಿಂದಲೇ ಅಂಥ ಊರುಗಳನ್ನು ಬರಿಯ ಸೆರೆಮನೆಗಳೆಂದು ತಿಳಿಯುವುದು ಅವಿಚಾರವಾದೀತು. ಗಣಿಗೆ ಬಂದವರಲ್ಲಿ ಬಹುಮಂದಿ ಹಳ್ಳಿಯ ಜೀತವನ್ನೂ ಅಸ್ಪೃಶ್ಯತೆಯನ್ನೂ ಬೆನ್ನಿಗೆ ಹಾಕಿ ಬಂದವರು. ಪಂಡಿತ ಅಯೋತಿ ದಾಸರ ಶಾಕ್ಯ ಬೌದ್ಧ ಸಂಘದ ಶಾಖೆ 20ನೆಯ ಶತಮಾನದ ಆರಂಭದಲ್ಲಿಯೇ ಮಾರಿಕುಪ್ಪದಲ್ಲಿ ನೆಲೆಯೂರಿತ್ತು. 1930ರಲ್ಲಿ, ಕೂಲಿಗಳೆಲ್ಲರ ಬೆರಳಚ್ಚು ಪಡೆದು ದಾಖಲಿಸುವ ಪದ್ಧತಿಯನ್ನು ವಿರೋಧಿಸಿ, ಗಣಿಯ ಕೆಲಸಗಾರರು ಮೂರು ವಾರ ಕೆಲಸ ನಿಲ್ಲಿಸಿದರು. ಹಳ್ಳಿಯಲ್ಲಿ ತಲೆ ಎತ್ತಲಾರದಿದ್ದವನು ಇಲ್ಲಿ ಎತ್ತಿದನು. ಕಂಪನಿ ಕೊಟ್ಟದ್ದು ಕೂಲಿ ಮತ್ತು ಗುಡಿಸಲು. ಓದುಕೋಣೆ, ಸಂಘ, ನಾಟಕ, ಕಾಲ್ಚೆಂಡಿನ ಹುಚ್ಚು ಇವೆಲ್ಲ ಜನ ತಾವೇ ಕಟ್ಟಿಕೊಂಡವು. ಅವನು ಅದನ್ನು ಊರೆಂದು ಕರೆಯದಿರಬಹುದು. ಆದರೆ ಅದನ್ನು ಊರಾಗಿಸಿದವನು ಅವನೇ.

2001ರಲ್ಲಿ, ಮಾರ್ಚ್ ತಿಂಗಳು ಕಾಲಿಡುವ ಹೊತ್ತಿಗೆ, ಗಣಿ ಮುಚ್ಚಿತು. ಸುಮಾರು 120 ವರ್ಷಗಳಲ್ಲಿ ಅದು 800 ಟನ್ನಿನಷ್ಟು ಚಿನ್ನವನ್ನು ಕೊಟ್ಟಿತ್ತು. ಕೊನೆಗೆ ಒಂದು ಟನ್ ಅದಿರಿನಲ್ಲಿ ಕೆಲವೇ ಗ್ರಾಂ ಚಿನ್ನ. ತೆಗೆಯುವ ವೆಚ್ಚ ಬೆಲೆಯನ್ನು ಮೀರಿತು. ಲೆಕ್ಕಾಚಾರದ ದೃಷ್ಟಿಯಿಂದ ಮುಚ್ಚಿದ್ದು ಸರಿಯೆಂದೇ ವಾದಿಸಬಹುದು. ಆದರೆ ಮುಚ್ಚಿದ್ದು ಗಣಿಯನ್ನು ಮಾತ್ರವೇ? ಆಸ್ಪತ್ರೆ, ನೀರು, ದೀಪ, ಶಾಲೆಯ ಶುಲ್ಕ, ಎಲ್ಲವೂ ಅದೇ ಬಾಯಿಂದ ಉಸಿರಾಡುತ್ತಿದ್ದುವು. ಮನೆಗಳ ಹಕ್ಕಿನ ಪ್ರಶ್ನೆ ಕಚೇರಿಯಿಂದ ನ್ಯಾಯಾಲಯಕ್ಕೆ, ನ್ಯಾಯಾಲಯದಿಂದ ಕಚೇರಿಗೆ ವರ್ಷಗಟ್ಟಲೆ ಅಲೆಯಿತು. ನೆಲದಡಿಗೆ ಇಳಿಯುತ್ತಿದ್ದವರ ಮಕ್ಕಳು ನಸುಕಿನ ರೈಲು ಹತ್ತಿ ಬೆಂಗಳೂರಿಗೆ ಹೋಗಿ, ಕತ್ತಲಾದ ಮೇಲೆ ಮರಳತೊಡಗಿದರು. ತಂದೆ ಹೊತ್ತು ಮೂಡುವ ಮುನ್ನ ಪಾತಾಳಕ್ಕೆ, ಮಗ ಹೊತ್ತು ಮೂಡುವ ಮುನ್ನ ನಗರಕ್ಕೆ. ಸೈನೈಡಿನಲ್ಲಿ ತೊಳೆದು ಬಿಸುಟ ಮಣ್ಣಿನ ಗುಡ್ಡಗಳು ಮಾತ್ರ ಅಲ್ಲಿಯೇ ಉಳಿದು, ಗಾಳಿ ಬೀಸಿದಾಗ ಬೂದು ಧೂಳನ್ನು ಮನೆಗಳ ಮೇಲೆ ಎರಚುತ್ತ ಬಂದುವು. ಲಾಭ ಹೊರಟುಹೋಗುತ್ತದೆ, ಕಸಕ್ಕೆ ಮಾತ್ರ ವರ್ಗಾವಣೆಯಿಲ್ಲ.

ಇದು ಒಂದು ಊರಿನ ಮಾತಷ್ಟೇ ಅಲ್ಲ. ನಮ್ಮ ಮಲೆನಾಡಿನ ಕುದುರೆಮುಖದಲ್ಲಿ ಕಬ್ಬಿಣದ ಅದಿರಿಗಾಗಿ 1976ರಲ್ಲಿ ಕಂಪನಿ ಹುಟ್ಟಿತು. ಮಳೆಕಾಡಿನ ನಡುವೆ ಮಲ್ಲೇಶ್ವರವೆಂಬ ಅಚ್ಚುಕಟ್ಟಾದ ಊರು ಎದ್ದಿತು. ಅದಿರಿನ ರಾಡಿ 67 ಕಿಲೋಮೀಟರು ಕೊಳವೆಯಲ್ಲಿ ಹರಿದು ಮಂಗಳೂರಿನ ಕಡಲನ್ನು ಮುಟ್ಟಿತು. ಕಾಡನ್ನೂ ಭದ್ರೆಯನ್ನೂ ಉಳಿಸಬೇಕೆಂಬ ವಾದವನ್ನು ಸರ್ವೋಚ್ಚ ನ್ಯಾಯಾಲಯ ಎತ್ತಿಹಿಡಿದುದರಿಂದ 2005ರ ಕೊನೆಗೆ ಗಣಿಗಾರಿಕೆ ನಿಂತಿತು. ಕಾಡಿಗೆ ಅದು ಒಳಿತೇ ಆಯಿತು. ಆ ಊರಿನಲ್ಲಿ ಹುಟ್ಟಿ ಬೆಳೆದ ಮಕ್ಕಳಿಗೆ ಮಾತ್ರ, ಮರಳಿ ಹೋಗಿ ನೋಡಿದರೆ, ಬಾಲ್ಯದ ಬೀದಿಗಳಲ್ಲಿ ಹುಲ್ಲು. ಸ್ವೀಡನ್ನಿನ ಉತ್ತರದ ತುದಿಯಲ್ಲಿರುವ ಕಿರುನ ಎಂಬ ಕಬ್ಬಿಣದ ಊರಿನಲ್ಲಿ ಬೇರೆಯೇ ಪ್ರಕಾರ. ಗಣಿಯಿಂದಾಗಿ ನೆಲ ಕುಸಿಯತೊಡಗಿದ್ದರಿಂದ ಆ ಊರನ್ನೇ ಬೇರೆಡೆಗೆ ಸರಿಸುತ್ತಿದ್ದಾರೆ. 1912ರ ಮರದ ಇಗರ್ಜಿಯನ್ನು 2025ರ ಆಗಸ್ಟಿನಲ್ಲಿ ಗಾಲಿಗಳ ಮೇಲಿರಿಸಿ, ಎರಡು ದಿನಗಳಲ್ಲಿ ಸುಮಾರು 5 ಕಿಲೋಮೀಟರು ದೂರಕ್ಕೆ ಇಡಿಯಾಗಿ ಸಾಗಿಸಿದರು. ಅಲ್ಲಿಯೂ ನೋವಿಲ್ಲದೆ ಇಲ್ಲ. ಆದರೂ ಒಂದು ವ್ಯತ್ಯಾಸ ಗಮನಾರ್ಹ. ಗಣಿಗಾಗಿ ಬಂದವರು ಅಲ್ಲಿ ಒಂದು ಊರನ್ನು ಕಟ್ಟಿಕೊಂಡಿದ್ದಾರೆ, ಆ ಊರಿನ ಹೊಣೆ ಗಣಿಯದೇ ಎಂದು ಅಲ್ಲಿಯವರು ಒಪ್ಪಿದ್ದಾರೆ.

ಮಂಡ್ಯದಲ್ಲಿ ಕುಳಿತು ಇದನ್ನೆಲ್ಲ ಏಕೆ ನೆನೆಯಬೇಕು ಎಂದು ಕೇಳುಗರು ಪ್ರಶ್ನಿಸಬಹುದು. ಕಾರಣವುಂಟು. ಒಂದೇ ಕೆಲಸವನ್ನು ನಂಬಿದ ಊರಿನ ಪಾಡು ಒಂದೇ ಬೆಳೆಯನ್ನು ನಂಬಿದ ಸೀಮೆಗೂ ತಪ್ಪಿದ್ದಲ್ಲ. ಮಂಡ್ಯದ ಸಕ್ಕರೆ ಕಾರ್ಖಾನೆ ಕೆಲವು ವರ್ಷ ಅರೆಯದೆ ನಿಂತು 2022ರಲ್ಲಿ ಮತ್ತೆ ಮೊದಲಾದಾಗ, ಚಿಮಣಿಯ ಹೊಗೆಯನ್ನು ಕಂಡು ಕಣ್ಣು ತೇವವಾಗದ ರೈತರು ವಿರಳ. ನಾಲೆಯ ತುದಿಯ ಮಳವಳ್ಳಿಯ ರೈತನಿಗೆ ನೀರಿನ ನಿರೀಕ್ಷೆ ಇಂದಿಗೂ ವರ್ಷದಿಂದ ವರ್ಷಕ್ಕೆ ಮುಂದುವರಿಯುವ ವ್ರತ. ಅವನಿಗೆ ಹೊಲದ ಒಡೆತನವಾದರೂ ಇದೆ. ಲೈನಿನವನಿಗೆ ಅದೂ ಇಲ್ಲ. ಇಬ್ಬರ ಬದುಕೂ ಒಂದು ಕಾಲದಲ್ಲಿ ಒಂದೇ ನೀರಿನಿಂದ, ಒಂದೇ ತಂತಿಯಿಂದ ಹೊಸೆದುಕೊಂಡಿತ್ತು ಎಂಬುದನ್ನು ನಮ್ಮ ಶಾಲೆಯ ಪುಸ್ತಕಗಳು ಹೇಳುವುದಿಲ್ಲ. ಅವು ಅಶ್ವಶಕ್ತಿಯನ್ನೂ ಟನ್ನುಗಳನ್ನೂ ಹೇಳಿ ಮುಗಿಸುತ್ತವೆ.

ಮತ್ತೆ ಎಲ್ಲಿಯೋ ಗಣಿ ತೆರೆಯುತ್ತದೆ, ಕಟ್ಟೆ ಏಳುತ್ತದೆ, ಕಾರ್ಖಾನೆಯ ಸುತ್ತ ನಕ್ಷೆಯ ಬೀದಿಗಳು ಮೂಡುತ್ತವೆ. ಅದು ಆಗಬಾರದೆಂದು ನಾನು ಹೇಳುತ್ತಿಲ್ಲ. ಆದರೆ ಅಂಥ ಊರಿನ ಮೊದಲ ಕಲ್ಲನ್ನು ಇಡುವ ದಿನವೇ ಅದರ ಕೊನೆಯ ಪಾಳಿಯ ದಿನವನ್ನೂ ನೆನೆಯಬೇಕು. ಅದಿರು ಮುಗಿಯುತ್ತದೆಂದು ತಿಳಿದೇ ಗಣಿ ತೋಡುವ ನಾವು, ಅಲ್ಲಿಗೆ ಬಂದ ಮನುಷ್ಯ ಬೇರು ಬಿಡುತ್ತಾನೆಂಬುದನ್ನೂ ತಿಳಿದಿರಬೇಕಾಗುತ್ತದೆ. ಶತಮಾನ ದಾಟಿದ ಶಿವನಸಮುದ್ರದ ಚಕ್ರಗಳಿಗೆ ಇನ್ನೂ ನೀರಿನ ಆಸರೆಯುಂಟು. ಗಣಿಯವನ ಮನೆಗೆ ಬೇಕಾದುದು ಅದಕ್ಕಿಂತ ಬಹಳ ಸಣ್ಣ ಆಸರೆ: ಕಾಗದದ ಮೇಲೆ ಅವನ ಹೆಸರು. ಆ ಹುಡುಗನ ಮಕ್ಕಳಾದರೂ ಪ್ರಬಂಧ ಬರೆಯುವಾಗ, ಕಿಟಕಿಯಾಚೆಯ ನೆಲವನ್ನು ನಮ್ಮ ಊರು ಎಂದು ಬರೆಯುವಂತಾಗಬೇಕು.